ಉಂಗುರದ ಮೇಲಿನ ಬರಹ: ಶಕ್ತಿ ಇರುವುದು ಅಕ್ಷರದಲ್ಲೋ, ಮಾತಿನಲ್ಲೋ, ಕೆತ್ತಿದವನಲ್ಲೋ?

ಪ್ರಶ್ನೆ: ತಾಳೆಗರಿ

ಎಲ್ಲರಿಗೂ ನಮಸ್ಕಾರ. ಎರಡು ವರ್ಷಗಳಿಂದ ಕನ್ನಡದಲ್ಲಿ ಒಂದು ಕಲ್ಪನಾಲೋಕದ ಕಾದಂಬರಿಯನ್ನು ಬರೆಯುತ್ತಿದ್ದೇನೆ. ಹಳೆಯ ಕೋಟೆಯೊಂದರ ಬಾಗಿಲ ಮೇಲೆ ಕೊರೆದಿರುವ ಒಂದೇ ಒಂದು ಅಕ್ಷರದ ಸುತ್ತ ಅದರ ಕಥೆ ತಿರುಗುತ್ತದೆ. ಆ ಲೋಕಕ್ಕೆಂದು ನಾನೇ ಒಂದು ಲಿಪಿಯನ್ನು ಕಟ್ಟಿದ್ದೇನೆ. ಬಾಗಿಲ ಮೇಲಿನ ಅಕ್ಷರವೂ ಆ ಲಿಪಿಯದೇ. ಅದನ್ನು ಬರೆದವನ ಕೈಗೆ ಬೆಂಕಿಯನ್ನು ಆಳುವ ಶಕ್ತಿ ಬರುತ್ತದೆ ಎಂಬುದು ನನ್ನ ಕಲ್ಪನೆಯಾಗಿತ್ತು. ಹಸ್ತಪ್ರತಿಯನ್ನು ಓದಿದ ಗೆಳತಿಯೊಬ್ಬಳು ಕೇಳಿದ ಪ್ರಶ್ನೆಗೆ ಈವರೆಗೆ ನನ್ನಲ್ಲಿ ಉತ್ತರವಿಲ್ಲ: "ಆ ಅಕ್ಷರ ಆ ಜನರ ವರ್ಣಮಾಲೆಯಲ್ಲೇ ಇರುವುದಾದರೆ, ಅದನ್ನು ತಿದ್ದಲು ಕೂತ ಮಗುವಿನ ಸ್ಲೇಟು ಏಕೆ ಹೊತ್ತಿ ಉರಿಯುವುದಿಲ್ಲ?"

ಈ ಬಗೆಯ ಕಥೆಗಳ ದೊಡ್ಡ ಮಾದರಿ ಇಂಗ್ಲಿಷ್ ಲೇಖಕ ಟೋಲ್ಕಿನ್ ಅವರದೇ ಆದ್ದರಿಂದ, 1954-55ರಲ್ಲಿ ಪ್ರಕಟವಾದ ಅವರ ಉಂಗುರದ ಕಥೆಯನ್ನು ('ದಿ ಲಾರ್ಡ್ ಆಫ್ ದಿ ರಿಂಗ್ಸ್') ಮತ್ತೆ ತೆರೆದು ನೋಡಿದೆ. ಉಂಗುರವನ್ನು ಬೆಂಕಿಗೆ ಹಾಕಿದಾಗ ಅದರ ಒಳಗೂ ಹೊರಗೂ ಕೂದಲಿಗಿಂತ ತೆಳುವಾದ ಬರಹ ಹೊಳೆಯುತ್ತದೆ. ಅಕ್ಷರಗಳು ಎಲ್ಫ್‌ಗಳ ಟೆಂಗ್ವಾರ್ ಲಿಪಿಯವು, ಭಾಷೆ ಮಾತ್ರ ಉಂಗುರವನ್ನು ಮಾಡಿದ ಶತ್ರು ಸೌರೋನನ ನಾಡಾದ ಮೊರ್ಡೊರಿನದು. ಹಾಗಿದ್ದರೆ ಆ ಬರಹದ ಶಕ್ತಿ ಅಕ್ಷರಗಳ ಆಕಾರದಲ್ಲಿದೆಯೇ, ಆ ಭಾಷೆಯ ನುಡಿಗಳಲ್ಲಿದೆಯೇ, ಅಥವಾ ಅವುಗಳನ್ನು ಬರೆದವನಲ್ಲಿದೆಯೇ? ಒಳ್ಳೆಯವರ ಲಿಪಿಯಲ್ಲಿ ಕೆಟ್ಟವನು ಏಕೆ ಬರೆದ? ತಿಳಿದವರು ದಯವಿಟ್ಟು ವಿವರಿಸಬೇಕು.

ಉತ್ತರ 1: ಹಳೆಯ ಓದುಗ

ತಾಳೆಗರಿ ಅವರೇ, ನಿಮ್ಮ ಗೆಳತಿಯ ಪ್ರಶ್ನೆಗೆ ಉತ್ತರ ಆ ಕಥೆಯ ಒಳಗೇ ಇದೆ. ಸಾಮಾನ್ಯವಾಗಿ ಓದುಗರು ಅದನ್ನು ದಾಟಿ ಮುಂದೆ ಹೋಗಿಬಿಡುತ್ತಾರೆ. ಉಂಗುರವನ್ನು ಶತ್ರುವಿನ ಕೈಯಿಂದ ಕಿತ್ತುಕೊಂಡ ರಾಜ ಇಸಿಲ್ದೂರ್, ಅದು ತಣ್ಣಗಾಗುತ್ತಿರುವಾಗ ಅದರ ಮೇಲಿನ ಬರಹವನ್ನು ಒಂದು ಸುರುಳಿಯಲ್ಲಿ ನಕಲು ಮಾಡಿಡುತ್ತಾನೆ. ಬರಹ ಮಾಸಿಹೋಗುತ್ತಿದೆ, ಮತ್ತೆ ಸಿಗದಂತೆ ಆಗಬಾರದು ಎಂಬುದಷ್ಟೇ ಅವನ ಕಾಳಜಿ. ಅದರ ಅರ್ಥ ಅವನಿಗೆ ತಿಳಿಯದು. ಆ ಸುರುಳಿ ಮಿನಾಸ್ ತಿರಿತ್ ನಗರದ ಗ್ರಂಥಭಂಡಾರದಲ್ಲಿ ಸಾವಿರಾರು ವರ್ಷ ಬಿದ್ದಿತ್ತು. ಅದರಿಂದ ಭಂಡಾರಕ್ಕೆ ಬೆಂಕಿ ಬೀಳಲಿಲ್ಲ, ಯಾರಿಗೂ ಬುದ್ಧಿ ಕೆಡಲಿಲ್ಲ. ಕೊನೆಗೆ ಮಾಂತ್ರಿಕ ಗ್ಯಾಂಡಾಲ್ಫ್ ಅದನ್ನು ಹುಡುಕಿ ಓದುತ್ತಾನೆ, ಉಂಗುರದ ಗುರುತಿಗೆ ಬೇಕಾದ ಸಾಕ್ಷ್ಯವಾಗಿ ಬಳಸಿಕೊಳ್ಳುತ್ತಾನೆ. ಅವೇ ಅಕ್ಷರಗಳು, ಅದೇ ಕ್ರಮ, ಅವೇ ಗೆರೆಗಳು; ಆದರೆ ಹಾಳೆಯ ಮೇಲೆ ಅವು ಬರೀ ಶಾಯಿ. ಆದ್ದರಿಂದ ಆಕಾರದಲ್ಲಿ ಶಕ್ತಿ ಇದೆ ಎಂಬ ವಾದ ಅಲ್ಲಿಗೇ ಬಿದ್ದುಹೋಗುತ್ತದೆ.

ಓದಲು ಬರುವುದೂ ಬಾರದಿರುವುದೂ ಉಂಗುರಕ್ಕೆ ಲೆಕ್ಕವಿಲ್ಲ. ಬೆಂಕಿಯ ಅಕ್ಷರಗಳನ್ನು ನೋಡಿದ ಕಥಾನಾಯಕ ಫ್ರೋಡೋ, ತನಗೆ ಅವನ್ನು ಓದಲಾಗದು ಎಂದು ನಡುಗುವ ದನಿಯಲ್ಲಿ ಹೇಳುತ್ತಾನೆ. ಓದಲಾಗದ ಆ ಫ್ರೋಡೋನನ್ನೇ ಉಂಗುರ ಕೊನೆಯವರೆಗೂ ಕಿತ್ತು ತಿನ್ನುತ್ತದೆ. ಏಕೆಂದರೆ ಉಂಗುರದಲ್ಲಿ ಇರುವುದು ಅದನ್ನು ಮಾಡಿದ ಸೌರೋನ್ ತನ್ನೊಳಗಿಂದ ಸುರಿದ ಬಲ. ಬರಹವು ಆ ಬಲದ ಮೇಲಿನ ಒಡೆತನದ ಮುದ್ರೆಯೇ ಹೊರತು ಬಲದ ಮೂಲವಲ್ಲ.

ಆದರೆ ನುಡಿಯ ವಿಷಯ ಇಷ್ಟು ಸರಳವಲ್ಲ. ಫ್ರೋಡೋನ ಮನೆಯಲ್ಲಿ ಗ್ಯಾಂಡಾಲ್ಫ್ ಆ ಸಾಲುಗಳ ಅರ್ಥವನ್ನು ಮಾತ್ರ ಹೇಳಿ, ಮೂಲ ಭಾಷೆಯನ್ನು ಇಲ್ಲಿ ಉಚ್ಚರಿಸಲಾರೆ ಎನ್ನುತ್ತಾನೆ. ಮುಂದೆ ಎಲ್ಫ್‌ಗಳ ನೆಲೆಯಾದ ರಿವೆಂಡೆಲಿನ ಸಭೆಯಲ್ಲಿ ಅವನು ಅವನ್ನು ಮೂಲದಲ್ಲೇ ಉಚ್ಚರಿಸಿದಾಗ ಅವನ ದನಿ ಕಲ್ಲಿನಂತೆ ಗಡುಸಾಗುತ್ತದೆ, ನೆತ್ತಿಯ ಸೂರ್ಯನಿಗೆ ನೆರಳು ಕವಿದಂತಾಗುತ್ತದೆ, ಎಲ್ಫ್‌ಗಳು ಕಿವಿ ಮುಚ್ಚಿಕೊಳ್ಳುತ್ತಾರೆ. ಹಾಳೆಯ ಮೇಲೆ ಸುಮ್ಮನಿದ್ದದ್ದು ಬಾಯಿಗೆ ಬಂದಾಗ ಸುಮ್ಮನಿರಲಿಲ್ಲ. ಇದು ಉಚ್ಚಾರದ ಶಕ್ತಿಯೇ, ಉಂಗುರ ಅದೇ ಸಭೆಯಲ್ಲಿದ್ದುದರ ಪರಿಣಾಮವೇ ಎಂದು ಟೋಲ್ಕಿನ್ ಬಿಡಿಸಿ ಹೇಳುವುದಿಲ್ಲ. ಹೇಳದಿದ್ದದ್ದೇ ಒಳ್ಳೆಯದಾಯಿತು ಎಂಬುದು ನನ್ನ ಅಭಿಪ್ರಾಯ.

ಇನ್ನು ಲಿಪಿ ಯಾರದು ಎಂಬ ಪ್ರಶ್ನೆ. ಇಸಿಲ್ದೂರನ ಟಿಪ್ಪಣಿಯೇ ಅದಕ್ಕೂ ಕಾರಣ ಕೊಡುತ್ತದೆ: ಅಷ್ಟು ನವಿರಾದ ಕೆಲಸಕ್ಕೆ ಒದಗುವ ಅಕ್ಷರಗಳು ಮೊರ್ಡೊರಿನಲ್ಲಿ ಇರಲಿಲ್ಲ. ಅಂದರೆ ಕಾರಣ ಪೂರ್ತಿ ಕಸುಬಿನದು. ಒಳ್ಳೆಯ ಕಮ್ಮಾರನ ಸುತ್ತಿಗೆಯನ್ನು ಕಳ್ಳನೂ ಎರವಲು ಪಡೆಯಬಹುದು.

ಇದಕ್ಕೆ ಕಥೆಯ ಹೊರಗಿನ ಒಂದು ಪ್ರಸಂಗವನ್ನೂ ಸೇರಿಸಬೇಕು. ಅಭಿಮಾನಿಯೊಬ್ಬರು ಟೋಲ್ಕಿನ್ ಅವರಿಗೆ ಉಕ್ಕಿನ ಪಾನಪಾತ್ರೆಯೊಂದನ್ನು ಕಳುಹಿಸಿದ್ದರು. ನೋಡಿದರೆ ಅದರ ಮೇಲೆ ಉಂಗುರದ ಆ ಸಾಲುಗಳನ್ನೇ ಕೊರೆಸಿದ್ದರು. ತಾವು ಅದರಲ್ಲಿ ಎಂದೂ ಕುಡಿದಿಲ್ಲ, ತಂಬಾಕಿನ ಬೂದಿ ಉದುರಿಸಲು ಬಳಸುತ್ತೇನೆ ಎಂದು ಅವರು ಪತ್ರವೊಂದರಲ್ಲಿ ಬರೆದುಕೊಂಡಿದ್ದಾರೆ. ಶಕ್ತಿ ಆಕಾರದಲ್ಲಿಲ್ಲ ಎಂದು ಸ್ವತಃ ಬರೆದವರಿಗೂ ಅದನ್ನು ತುಟಿಗೆ ತಾಗಿಸಲು ಮನಸ್ಸು ಬರಲಿಲ್ಲ.

ಉತ್ತರ 2: ಒತ್ತಕ್ಷರ

ಹಳೆಯ ಓದುಗರ ಮಾತನ್ನು ಬಹುಪಾಲು ಒಪ್ಪುತ್ತೇನೆ. ಆದರೆ ಆಕಾರಕ್ಕೆ ಏನೂ ಬೆಲೆಯಿಲ್ಲ ಎಂಬ ತೀರ್ಮಾನಕ್ಕೆ ಯಾರೂ ಬರಬಾರದು, ಏಕೆಂದರೆ ಟೆಂಗ್ವಾರ್ ಲಿಪಿಯಲ್ಲಿ ಆಕಾರವೇ ವ್ಯಾಕರಣ. ಕನ್ನಡ ಓದುಬಲ್ಲವರಿಗೆ ಆ ಲಿಪಿ ಇಂಗ್ಲಿಷ್ ಓದುಗರಿಗಿಂತ ಬೇಗ ಒಲಿಯುತ್ತದೆ ಎಂದು ನಾನು ಹಲವು ಬಾರಿ ಅಂದುಕೊಂಡಿದ್ದೇನೆ.

ಕಥೆಯ ಪ್ರಕಾರ ರೂಮಿಲ್ ಎಂಬವನು ಮಾಡಿದ ಹಳೆಯ ಅಕ್ಷರಗಳನ್ನು ನೋಡಿ ಫಿಯಾನೋರ್ ಎಂಬ ಎಲ್ಫ್ ಕುಶಲಕರ್ಮಿ ಹೊಸದಾಗಿ ರೂಪಿಸಿದ ಲಿಪಿ ಇದು. ಇದರಲ್ಲಿ 24 ಮುಖ್ಯ ಅಕ್ಷರಗಳಿವೆ. 12 ಹೆಚ್ಚುವರಿ ಅಕ್ಷರಗಳು ಬೇರೆ. ಮುಖ್ಯ ಅಕ್ಷರಗಳೆಲ್ಲ ಒಂದು ಕಂಬ (ನೆಟ್ಟಗಿನ ಗೆರೆ) ಮತ್ತು ಒಂದು ಬಿಲ್ಲು (ಬಾಗಿದ ಗೆರೆ), ಎರಡರಿಂದಲೇ ಆಗಿವೆ. ನಾಲ್ಕು ವರ್ಗಗಳು, ಒಂದೊಂದರಲ್ಲಿ ಆರು ಮೆಟ್ಟಿಲು. ಬಿಲ್ಲು ಕಂಬದ ಬಲಕ್ಕಿದೆಯೋ ಎಡಕ್ಕಿದೆಯೋ, ತೆರೆದಿದೆಯೋ ಮುಚ್ಚಿದೆಯೋ ಎಂಬುದರಿಂದ ವರ್ಗ ತಿಳಿಯುತ್ತದೆ. ಮೊದಲ ವರ್ಗ ತಕಾರದ್ದು, ಎರಡನೆಯದು ಪಕಾರದ್ದು. ಇಲ್ಲಿಂದ ಮುಂದೆ ಸೊಗಸು ಶುರುವಾಗುತ್ತದೆ: ತಕಾರದ ಬಿಲ್ಲನ್ನು ಇಮ್ಮಡಿಸಿದರೆ ದಕಾರ ಬರುತ್ತದೆ, ಪಕಾರದ ಬಿಲ್ಲನ್ನು ಇಮ್ಮಡಿಸಿದರೆ ಬಕಾರ ಬರುತ್ತದೆ, ಕೆಳಕ್ಕಿಳಿದ ಕಂಬವನ್ನು ಮೇಲಕ್ಕೆತ್ತಿದರೆ ಅದೇ ಸ್ಥಾನದ ಉಸಿರುಜ್ಜುವ ಧ್ವನಿ ಬರುತ್ತದೆ, ಕಂಬವನ್ನು ಮೊಟಕು ಮಾಡಿ ಬಿಲ್ಲನ್ನು ಇಮ್ಮಡಿಯಾಗಿ ಉಳಿಸಿದರೆ ಅನುನಾಸಿಕ. ನಮ್ಮ ವರ್ಣಮಾಲೆ ಧ್ವನಿಗಳನ್ನು ಸ್ಥಾನ ಮತ್ತು ಪ್ರಯತ್ನಕ್ಕೆ ತಕ್ಕಂತೆ ಸಾಲಿನಲ್ಲಿ ಕೂರಿಸಿದೆ. ಆ ಸಾಲಿನ ತರ್ಕವನ್ನೇ ಈ ಲಿಪಿ ಅಕ್ಷರದ ಮೈಯಲ್ಲಿ ಬರೆದಿದೆ. ಕನ್ನಡದಲ್ಲಿಯೂ ಅದರ ಒಂದು ಎಳೆಯುಂಟು: ದಕಾರಕ್ಕೂ ಧಕಾರಕ್ಕೂ, ಪಕಾರಕ್ಕೂ ಫಕಾರಕ್ಕೂ ಇರುವ ವ್ಯತ್ಯಾಸ ಅಡಿಯಲ್ಲಿ ಎಳೆಯುವ ಪುಟ್ಟ ಗೀಟಿನದು. ತಕಾರಕ್ಕೂ ದಕಾರಕ್ಕೂ ಮಾತ್ರ ನಮ್ಮಲ್ಲಿ ಅಂಥ ನಂಟು ಕಾಣುವುದಿಲ್ಲ.

ಸ್ವರಗಳು ನಮ್ಮ ಗುಣಿತಾಕ್ಷರದಂತೆ ವ್ಯಂಜನದ ತಲೆಯ ಮೇಲೆ ಚಿಹ್ನೆಗಳಾಗಿ ಕೂರುತ್ತವೆ. ಎಲ್ಫ್‌ಗಳ ಎರಡು ಭಾಷೆಗಳಲ್ಲಿ, ಹೆಚ್ಚಿನ ಪದಗಳು ಸ್ವರದಿಂದ ಮುಗಿಯುವ ಕ್ವೆನ್ಯಾ ಭಾಷೆಯಲ್ಲಿ ಚಿಹ್ನೆ ಹಿಂದಿನ ವ್ಯಂಜನದ ಮೇಲೆ, ವ್ಯಂಜನದಿಂದ ಮುಗಿಯುವ ಸಿಂದಾರಿನ್ ಭಾಷೆಯಲ್ಲಿ ಮುಂದಿನ ವ್ಯಂಜನದ ಮೇಲೆ. ಕ್ವೆನ್ಯಾದಲ್ಲಿ ಅಕಾರ ಬಹಳ ಹೆಚ್ಚಾಗಿ ಬರುವುದರಿಂದ ಅದರ ಚಿಹ್ನೆಯನ್ನು ಬರೆಯದೆಯೇ ಬಿಡುವ ರೂಢಿಯಿತ್ತೆಂದು ಕೃತಿಯ ಅನುಬಂಧ ಹೇಳುತ್ತದೆ. ದೀಪ ಎಂಬ ಅರ್ಥದ 'ಕಲ್ಮ' ಪದವನ್ನು ಕ್, ಲ್, ಮ್ ಎಂಬ ಮೂರೇ ಅಕ್ಷರಗಳಲ್ಲಿ ಬರೆಯಬಹುದಿತ್ತು. ವ್ಯಂಜನದೊಳಗೆ ಅಕಾರ ತಾನಾಗಿಯೇ ಇರುತ್ತದೆ ಎಂದು ಒಂದನೆಯ ತರಗತಿಯಿಂದ ಬಲ್ಲ ನಮಗೆ ಇದರಲ್ಲಿ ಬೆರಗೇನಿಲ್ಲ. ಇದಕ್ಕಿಂತ ರುಚಿಕರವಾದ ಸಂಗತಿ ಇನ್ನೊಂದಿದೆ. ಮೂಲ ಲಿಪಿಯಲ್ಲಿ ಕಂಬ ಮೇಲಕ್ಕೂ ಕೆಳಕ್ಕೂ ಚಾಚಿಕೊಂಡ ಒಂದು ಮೆಟ್ಟಿಲಿತ್ತು, ಅದು ಸಾಮಾನ್ಯವಾಗಿ ತಕಾರಕ್ಕೆ ಹಕಾರ ಸೇರಿದಂಥ ಧ್ವನಿಗಳಿಗೆ ಮೀಸಲಾಗಿತ್ತು, ಕಥೆಯ ಕಾಲದ ಭಾಷೆಗಳಿಗೆ ಅದು ಬೇಕಾಗಲಿಲ್ಲ ಎಂದು ಅದೇ ಅನುಬಂಧ ತಿಳಿಸುತ್ತದೆ. ಅಂದರೆ ಮಹಾಪ್ರಾಣಗಳು ಆ ಲೋಕದಲ್ಲಿ ಮೂಲೆಗುಂಪಾಗಿ ಹೋಗಿದ್ದವು!

ಈ ವಿವರವೆಲ್ಲ ತಾಳೆಗರಿ ಅವರಿಗೆ ಏಕೆ ಬೇಕು ಎಂದರೆ, ನಿಮ್ಮ ಬಾಗಿಲ ಮೇಲಿನ ಅಕ್ಷರ ಒಂಟಿಯಾಗಿ ಹುಟ್ಟಿದ್ದಾಗಿರಬಾರದು. ಅದಕ್ಕೆ ಅಣ್ಣತಮ್ಮಂದಿರು ಇರಬೇಕು. ಮಗು ಸ್ಲೇಟಿನ ಮೇಲೆ ತಿದ್ದುವ ಅಕ್ಷರಕ್ಕೂ ಬಾಗಿಲ ಮೇಲಿನದಕ್ಕೂ ಇರುವ ವ್ಯತ್ಯಾಸ ಒಂದು ಹೆಚ್ಚುವರಿ ಬಿಲ್ಲಿನದೋ, ಬಳಕೆಯಿಂದ ಬಿದ್ದುಹೋದ ಒಂದು ಮೆಟ್ಟಿಲಿನದೋ ಆಗಿದ್ದರೆ, ಓದುಗನು ತಾನೇ ಅದನ್ನು ಊಹಿಸಿ ಬೆಚ್ಚುತ್ತಾನೆ. ಹಳಗನ್ನಡದ ಱ ಮತ್ತು ೞ ಅಕ್ಷರಗಳನ್ನು ಶಾಸನದಲ್ಲಿ ಮೊದಲ ಬಾರಿಗೆ ಕಂಡ ವಿದ್ಯಾರ್ಥಿಯ ಮುಖವನ್ನು ನೆನಪಿಸಿಕೊಳ್ಳಿ.

ಉತ್ತರ 3: ರೂನ್‌ಕಲ್ಲು

ನನ್ನದು ಭಿನ್ನಾಭಿಪ್ರಾಯ. ನೀವಿಬ್ಬರೂ ಟೆಂಗ್ವಾರ್ ಲಿಪಿಯನ್ನೇ ಹಿಡಿದು ಮಾತನಾಡುತ್ತಿದ್ದೀರಿ. ಅದೇ ಲೋಕದ ಇನ್ನೊಂದು ಲಿಪಿಯಾದ ರೂನ್‌ಗಳತ್ತ ನೋಡಿದರೆ ಚಿತ್ರ ಬದಲಾಗುತ್ತದೆ. ಮರಕ್ಕೂ ಕಲ್ಲಿಗೂ ಕೊರೆಯಲೆಂದು ಹುಟ್ಟಿದ ಕೋನಾಕಾರದ ಅಕ್ಷರಗಳಿವು. 1937ರ ಮೊದಲ ಕಥೆಯಾದ 'ದಿ ಹಾಬಿಟ್'ನಲ್ಲಿ ಟೋಲ್ಕಿನ್ ಇಂಗ್ಲೆಂಡಿನ ಹಳೆಯ ನಿಜವಾದ ರೂನ್‌ಗಳನ್ನೇ ಬಳಸಿದ್ದರು. ಉಂಗುರದ ಕಥೆಗೆ ಬರುವಾಗ ಕಿರ್ಥ್ ಎಂಬ ಸ್ವಂತ ರೂನ್‌ಗಳನ್ನು ರೂಪಿಸಿದರು. ನೋಡಲು ಎರಡೂ ಒಂದೇ ಬಗೆಯವು, ಆದರೆ ಧ್ವನಿಗಳು ಬೇರೆ. ಒಂದರ ಕೀಲಿಯಿಂದ ಇನ್ನೊಂದನ್ನು ಓದಲು ಹೊರಟವರು ಎಡವುತ್ತಾರೆ.

ಮೊದಲ ಕಥೆಯ ಚಂದ್ರಾಕ್ಷರಗಳನ್ನು ನೋಡಿ. ಕುಬ್ಜರು ಬೆಳ್ಳಿಯ ಲೇಖನಿಯಿಂದ ಬರೆದ ಆ ರೂನ್‌ಗಳು ಹಿಂದಿನಿಂದ ಬೆಳುದಿಂಗಳು ಹಾದಾಗ ಮಾತ್ರ ಕಾಣುತ್ತವೆ. ಹೆಚ್ಚು ಚಾತುರ್ಯದವಾದರೆ, ಬರೆದ ದಿನದ ಋತುವೂ ಚಂದ್ರನ ಆಕಾರವೂ ಮರಳಿ ಬಂದಾಗ ಮಾತ್ರ. ನಡುಬೇಸಿಗೆಯ ಸಂಜೆ, ಬಾಗಿದ ಚಂದ್ರನ ಬೆಳಕಿನಲ್ಲಿ ಎಲ್ಫ್‌ಗಳ ಒಡೆಯ ಎಲ್ರೊಂಡ್ ನಕಾಶೆಯನ್ನು ಎತ್ತಿ ಹಿಡಿದದ್ದರಿಂದಲೇ ಗುಪ್ತ ಬಾಗಿಲಿನ ಕೀಲಿರಂಧ್ರದ ಸುಳಿವು ದೊರಕಿತು. ಇಲ್ಲಿ ಶಕ್ತಿ ಬರೆದವನಲ್ಲೂ ಇಲ್ಲ, ಮಾತಿನಲ್ಲೂ ಇಲ್ಲ. ಲೇಖನಿ, ಶಾಯಿ, ತಿಥಿ ಇವುಗಳಲ್ಲಿದೆ. ಬರಹದ ಸಂದೇಶ ಮಾತ್ರ ತೀರಾ ಸಾಮಾನ್ಯವಾದ ಒಂದು ದಾರಿಸೂಚನೆ. ನಿಮ್ಮ ಮೂರು ಆಯ್ಕೆಗಳ ಪಟ್ಟಿಯಲ್ಲಿ ಇದು ಇರಲೇ ಇಲ್ಲ.

ಇನ್ನು ರೂನ್ ಎಂಬ ಪದವೇ ಹಳೆಯ ಜರ್ಮಾನಿಕ್ ಭಾಷೆಗಳಲ್ಲಿ ಗುಟ್ಟು ಎಂಬ ಅರ್ಥದೊಂದಿಗೆ ನಂಟುಳ್ಳದ್ದು. ಆ ಜನರ ಕಥೆಗಳಲ್ಲಿ ಅಕ್ಷರದ ಆಕಾರಕ್ಕೆ ನಿಜಕ್ಕೂ ಶಕ್ತಿಯಿತ್ತು. ಐಸ್‌ಲ್ಯಾಂಡಿನ ಎಗಿಲ್ ಸಾಗಾದಲ್ಲಿ ಹಾಸಿಗೆ ಹಿಡಿದ ಹುಡುಗಿಯೊಬ್ಬಳ ಪ್ರಸಂಗವಿದೆ. ಎಗಿಲ್ ಅವಳ ಹಾಸಿಗೆಯಲ್ಲಿ ತಿಮಿಂಗಿಲದ ಮೂಳೆಯೊಂದನ್ನು ಕಂಡು, ಅದರ ಮೇಲಿನ ರೂನ್‌ಗಳನ್ನು ಓದಿ, ಅವನ್ನು ಹೆರೆದು ಬೆಂಕಿಗೆ ಹಾಕಿ, ಬೇರೆ ರೂನ್‌ಗಳನ್ನು ಕೊರೆದು ತಲೆದಿಂಬಿನ ಕೆಳಗಿಡುತ್ತಾನೆ; ಹುಡುಗಿ ಚೇತರಿಸಿಕೊಳ್ಳುತ್ತಾಳೆ. ಮೂಳೆಯ ಮೇಲೆ ಕೊರೆದವನು ಸರಿಯಾಗಿ ಕಲಿಯದ ಯುವಕನೊಬ್ಬ. ಚೆನ್ನಾಗಿ ಓದಲು ಬಾರದವನು ರೂನ್ ಕೊರೆಯಬಾರದು ಎಂದು ಎಗಿಲ್ ಅಲ್ಲೇ ಪದ್ಯ ಕಟ್ಟಿ ಹೇಳುತ್ತಾನೆ. ಆಕ್ಸ್‌ಫರ್ಡಿನಲ್ಲಿ 1925ರಿಂದ ಆಂಗ್ಲೋ-ಸ್ಯಾಕ್ಸನ್ ಪ್ರಾಧ್ಯಾಪಕರಾಗಿದ್ದ ಟೋಲ್ಕಿನ್ ಅವರಿಗೆ ಈ ಪರಂಪರೆ ಅಂಗೈ ಗೆರೆಯಷ್ಟು ಪರಿಚಿತ. ಗೊತ್ತಿದ್ದೂ ಅವರು ತಮ್ಮ ರೂನ್‌ಗಳನ್ನು ಅಷ್ಟು ಮಂತ್ರಮಯವಾಗಿಸಲಿಲ್ಲ ಎಂಬುದು ಗಮನಿಸಬೇಕಾದ ಸಂಗತಿ. ತಾಳೆಗರಿ ಅವರು ಬೇಕಿದ್ದರೆ ಎಗಿಲನ ದಾರಿ ಹಿಡಿಯಬಹುದು; ಆಗ ಸ್ಲೇಟಿನ ಪ್ರಶ್ನೆಗೆ ಉತ್ತರ "ಹೌದು, ಹೊತ್ತಿ ಉರಿಯುತ್ತದೆ, ಅದಕ್ಕೇ ಆ ಲೋಕದಲ್ಲಿ ಎಲ್ಲ ಮಕ್ಕಳಿಗೂ ಆ ಅಕ್ಷರವನ್ನು ಕಲಿಸುವುದಿಲ್ಲ" ಎಂದಾಗುತ್ತದೆ. ಬೀಜಾಕ್ಷರವನ್ನು ಗುರುಮುಖದಿಂದಲೇ ಪಡೆಯಬೇಕು ಎನ್ನುವ ನಮ್ಮವರಿಗೆ ಇದು ಹೊಸ ಮಾತೂ ಅಲ್ಲ.

ಉತ್ತರ 4: ಹಳೆಯ ಓದುಗ

ರೂನ್‌ಕಲ್ಲು ಅವರೇ, ಚಂದ್ರಾಕ್ಷರಗಳ ವಿಷಯದಲ್ಲಿ ನೀವು ಹೇಳಿದ್ದು ಸರಿ. ನನ್ನ ಪಟ್ಟಿ ಕುಂಟಾಗಿತ್ತು. ಆದರೆ ಉಂಗುರದ ಕಥೆಯ ರೂನ್‌ಗಳು ಹೆಚ್ಚಾಗಿ ಮಾಡುವ ಕೆಲಸ ಗುರುತು ಹೇಳುವುದು ಮಾತ್ರ. ಗ್ಯಾಂಡಾಲ್ಫ್ ತಂದ ಬಾಣಬಿರುಸುಗಳ ಕಟ್ಟುಗಳ ಮೇಲೆ ಅವನ ಹೆಸರಿನ ಮೊದಲಕ್ಷರ ಕೆಂಪಗೆ ಬರೆದಿರುತ್ತದೆ. ಗಾಳಿಗುಡ್ಡದ ನೆತ್ತಿಯ ಮೇಲೆ ಸಿಕ್ಕ ಬಿಳಿಗಲ್ಲಿನ ಗೀಚು ಅವನ ಗಕಾರವೂ ಮೂರು ಗೆರೆಗಳೂ ಇರಬಹುದು, ಅಂದರೆ ಮೂರನೆಯ ತಾರೀಖಿಗೆ ಅವನು ಇಲ್ಲಿದ್ದ ಎಂದು ಅವನ ಸಂಗಾತಿ ಅರಗಾರ್ನ್ ಊಹಿಸುತ್ತಾನೆ. ಖಚಿತವಾಗಿ ಹೇಳಲು ಅವನಿಗೂ ಧೈರ್ಯವಿಲ್ಲ. ಸತ್ತ ಓರ್ಕ್‌ಗಳೆಂಬ ದುಷ್ಟ ಸೈನಿಕರ ಶಿರಸ್ತ್ರಾಣದ ಮೇಲಿನ ಸಕಾರವನ್ನು ಕಂಡು ಕುಬ್ಜ ಗಿಮ್ಲಿ ಸೌರೋನ್ ಎಂದು ಓದಿದರೆ, ಸೌರೋನ್ ಎಲ್ಫ್‌ಗಳ ರೂನ್ ಬಳಸುವುದಿಲ್ಲವೆಂದು ಎಲ್ಫ್ ಲೆಗೋಲಾಸ್ ತಿದ್ದುತ್ತಾನೆ, ಅವನು ತನ್ನ ನಿಜನಾಮವನ್ನು ಬರೆಯಲೂ ಬಿಡುವುದಿಲ್ಲವೆಂದು ಅರಗಾರ್ನ್ ಸೇರಿಸುತ್ತಾನೆ. ಆ ಸಕಾರ ಇನ್ನೊಬ್ಬ ಮಾಂತ್ರಿಕ ಸರುಮಾನನದು. ಒಂದೇ ಅಕ್ಷರ, ಇಬ್ಬರು ಒಡೆಯರು. ಕಥೆಯ ಮುಂದಿನ ದಾರಿ ಅದನ್ನು ಸರಿಯಾಗಿ ಓದುವುದರ ಮೇಲೆ ನಿಂತಿದೆ. ಮಂತ್ರಕ್ಕಿಂತ ಇಂಥ ಓದಿನ ಗೊಂದಲವೇ ನನಗೆ ಹೆಚ್ಚು ಹಿಡಿಸುತ್ತದೆ.

ಬಾಗಿಲ ಮಾತು ಬಂದಮೇಲೆ ಕುಬ್ಜರ ನೆಲದಡಿಯ ನಗರವಾದ ಮೋರಿಯಾದ ಪಶ್ಚಿಮದ್ವಾರವನ್ನು ಬಿಡಲಾಗದು. ಇಥಿಲ್ದಿನ್ ಎಂಬ ಲೋಹದಲ್ಲಿ ಬರೆದ ಆ ಗೆರೆಗಳು ಬೆಳುದಿಂಗಳು, ನಕ್ಷತ್ರದ ಬೆಳಕುಗಳನ್ನು ಮಾತ್ರ ಪ್ರತಿಫಲಿಸುತ್ತವೆ, ಅದೂ ತಿಳಿದವನು ಮುಟ್ಟಿ ಹಳೆಯ ನುಡಿಯನ್ನು ಆಡಿದ ಮೇಲೆ. ಬಾಗಿಲು ಮಾಡಿದ ಕುಬ್ಜ ನಾರ್ವಿ, ಅಕ್ಷರ ಬರೆದ ಎಲ್ಫ್ ಕೆಲೆಬ್ರಿಂಬೋರ್, ಇಬ್ಬರ ಹೆಸರೂ ಬಾಗಿಲ ಮೇಲೇ ಇದೆ. ಇಷ್ಟಾದರೂ ಗ್ಯಾಂಡಾಲ್ಫ್ ಸೋಲುವುದು ಮಂತ್ರದಿಂದಲ್ಲ, ಅನ್ವಯದಿಂದ. ಸ್ನೇಹಿತನನ್ನು ಕರೆದು "ನುಡಿ" ಎಂದಿದ್ದಾರೆಂದು ಅವನು ಓದುತ್ತಾನೆ. ನಿಜವಾಗಿ ಅಲ್ಲಿರುವುದು "ಸ್ನೇಹಿತ" ಎಂಬ ಪದವನ್ನು ನುಡಿ ಎಂಬ ಸೂಚನೆ. ವಿಭಕ್ತಿ ಪ್ರತ್ಯಯಗಳಿಂದ ತುಂಬಿದ ಕನ್ನಡಕ್ಕೆ ಈ ಒಗಟು ಇಳಿಯದು ಎಂದು ಮೊದಲು ಅಂದುಕೊಂಡಿದ್ದೆ. ಆಮೇಲೆ ಹೊಳೆಯಿತು: "ಹೇಳು ಗೆಳೆಯ ಒಳಗೆ ಬಾ". ವಿರಾಮಚಿಹ್ನೆಗಳಿಲ್ಲದೆ ಕಲ್ಲಿನ ಮೇಲೆ ಕೊರೆದರೆ ಇದನ್ನು ಎರಡು ಬಗೆಯಲ್ಲೂ ಓದಬಹುದು.

ಉತ್ತರ 5: ಬೆರಳಚ್ಚು

ಬಾಗಿಲ ಮೇಲಿನ ಬರಹದ ಬಗ್ಗೆ ಇಷ್ಟು ಮಾತಾಡಿ ಯಾರೂ "ನಾಳೆ ಬಾ" ಎಂಬುದನ್ನು ನೆನೆಯದಿರುವುದು ಆಶ್ಚರ್ಯ! 1990ರ ದಶಕದಲ್ಲಿ ನಮ್ಮ ಬೀದಿಯ ಮನೆಗಳ ಬಾಗಿಲಲ್ಲಿ ಸೀಮೆಸುಣ್ಣದಿಂದ ಅದನ್ನು ಬರೆದಿದ್ದರು. ರಾತ್ರಿ ಬಾಗಿಲು ಬಡಿಯುವ ದೆವ್ವ ಅದನ್ನು ಓದಿ ಹಿಂತಿರುಗುತ್ತದೆ, ಮರುದಿನ ಬಂದು ಮತ್ತೆ ಓದಿ ಮತ್ತೆ ಹಿಂತಿರುಗುತ್ತದೆ ಎಂಬುದು ನಂಬಿಕೆ. ಆಕಾರಕ್ಕೂ ಬರೆದವರಿಗೂ ಅಲ್ಲಿ ಯಾವ ಮಹಿಮೆಯೂ ಇರಲಿಲ್ಲ, ನಮ್ಮ ಮನೆಯದನ್ನು ವಕ್ರವಕ್ರವಾಗಿ ಬರೆದವನು ನಾನೇ. ಶಕ್ತಿ ಇದ್ದದ್ದು ಓದುವವರ ಸಾಕ್ಷರತೆಯಲ್ಲಿ: ದೆವ್ವಕ್ಕೆ ಕನ್ನಡ ಬರಬೇಕಿತ್ತು. ಮಾಡಿದವನು, ಮಾತು, ಸಾಮಗ್ರಿ ಎಂದು ಎಲ್ಲರೂ ಹೇಳಿದ್ದೀರಿ; ಓದುವವನನ್ನೂ ಆ ಸಾಲಿಗೆ ಸೇರಿಸಿ.

ತಾಂತ್ರಿಕವಾಗಿ ಒಂದು ಸೂಚನೆ: ಪುಸ್ತಕದಲ್ಲಿ ನಿಮ್ಮ ಲಿಪಿಯನ್ನು ಅಚ್ಚು ಮಾಡಿಸುವಾಗ ಅಕ್ಷರಗಳನ್ನು ಚಿತ್ರಗಳಾಗಿಯೇ ಕೊಡುವುದು ಕ್ಷೇಮ. ಟೆಂಗ್ವಾರ್‌ನಂಥ ಪ್ರಸಿದ್ಧ ಲಿಪಿಗೇ ಗಣಕಗಳ ಅಕ್ಷರಸಂಕೇತ ವ್ಯವಸ್ಥೆಯಾದ ಯೂನಿಕೋಡ್‌ನಲ್ಲಿ ಅಧಿಕೃತ ಜಾಗ ದೊರೆತಿಲ್ಲ. 2014ರ ಏಳನೆಯ ಆವೃತ್ತಿಯಲ್ಲಿ ರೂನ್‌ಗಳ ವಿಭಾಗಕ್ಕೆ ಟೋಲ್ಕಿನ್ ಬಳಸಿದ ಮೂರು ಹೆಚ್ಚುವರಿ ಅಕ್ಷರಗಳು ಸೇರಿದವು, ಅಷ್ಟೇ.

ತಾಳೆಗರಿ (ಪ್ರಶ್ನೆ ಕೇಳಿದವರು)

ಎಲ್ಲರಿಗೂ ಕೃತಜ್ಞತೆಗಳು. ನಿನ್ನೆ ರಾತ್ರಿ ಕುಳಿತು ಮೂರನೆಯ ಅಧ್ಯಾಯವನ್ನು ತಿದ್ದಿದೆ. ಬಾಗಿಲ ಮೇಲಿನ ಅಕ್ಷರ ಈಗ ಬಳಕೆಯಿಂದ ಬಿದ್ದುಹೋದ ಒಂದು ಮಹಾಪ್ರಾಣ. ಒತ್ತಕ್ಷರ ಅವರ ಸಲಹೆಯಂತೆ ಅದರ ಕಂಬ ಮೇಲಕ್ಕೂ ಕೆಳಕ್ಕೂ ಚಾಚಿದೆ. ಅದನ್ನು ಕೊರೆದವಳು ಯಾರು ಎಂಬುದು ಅದರ ಪಕ್ಕದಲ್ಲೇ ಬರೆದಿದೆ, ಆದರೆ ಆ ಸಾಲನ್ನು ಎರಡು ಬಗೆಯಲ್ಲಿ ಓದಬಹುದು. ಮಗುವಿನ ಸ್ಲೇಟು ಹೊತ್ತಿ ಉರಿಯುವುದಿಲ್ಲ. ಹಳೆಯ ಕಾಪಿಪುಸ್ತಕ ನೋಡಿ ಮಗು ಆ ಅಕ್ಷರವನ್ನು ತಿದ್ದುತ್ತದೆ, ಅದರ ಹೆಸರೇನೆಂದು ಕೇಳುತ್ತದೆ. ಮೇಷ್ಟ್ರು ಉತ್ತರಿಸದೆ, ತಮ್ಮ ಪಂಚೆಯ ಅಂಚಿನಿಂದ ಅದನ್ನು ಒರೆಸಿ, ಸ್ಲೇಟನ್ನು ಮಗುವಿಗೆ ಹಿಂತಿರುಗಿಸುತ್ತಾರೆ. ಹಸ್ತಪ್ರತಿ ಮತ್ತೆ ಗೆಳತಿಯ ಬಳಿಗೆ ಹೋಗಿದೆ.